ಹನೋಯ್‌ನಲ್ಲಿ ಬೀದಿ ತಿಂಡಿಯ ನಡಿಗೆ: ಬುಕ್ ಮಾಡುವ ಮೊದಲಿಂದ ಕೊನೆಯ ಕಾಫಿವರೆಗೆ

ವಿಯೆಟ್ನಾಮ್‌ಗೆ ಟಿಕೆಟ್ ತೆಗೆದವರೆಲ್ಲ ನನ್ನನ್ನು ಕೇಳುವುದು ಹೆಚ್ಚೂಕಮ್ಮಿ ಒಂದೇ ಪ್ರಶ್ನೆ. "ಹನೋಯ್‌ನಲ್ಲಿ ಫುಡ್ ಟೂರ್ ಅಂತ ಮಾಡ್ತಾರಂತಲ್ಲ, ಹೋಗಬಹುದಾ? ಮನೆಯಲ್ಲಿ ಅರ್ಧ ಜನ ವೆಜ್. ದುಡ್ಡು ದಂಡ ಆಗಲ್ವಾ?"

ಹೋಗಬಹುದು. ಇನ್ನೂ ಹೇಳಬೇಕೆಂದರೆ, ಗೈಡ್ ಜಾಸ್ತಿ ಬೇಕಾಗಿರುವುದು ವೆಜ್ ತಿನ್ನುವವರಿಗೇ. ಎಲ್ಲ ತಿನ್ನುವವರು ಯಾವುದಾದರೂ ಅಂಗಡಿ ಮುಂದೆ ಕೂತು, ಪಕ್ಕದವರ ಬಟ್ಟಲಿಗೆ ಬೆರಳು ತೋರಿಸಿದರೆ ಊಟ ಬರುತ್ತದೆ. ನಮಗೆ ಆ ಬಟ್ಟಲಿನ ಸಾರು ಯಾವುದರಿಂದ ಆಯಿತು ಎಂದು ಕೇಳುವ ಬಾಯಿ ಬೇಕು. ಆ ಬಾಯಿಗಾಗಿಯೇ ನಾವು ದುಡ್ಡು ಕೊಡುವುದು. ಆದರೆ ಗೈಡ್‌ಗೆ ನೀವು ಮೊದಲೇ ಏನು ಹೇಳಿರುತ್ತೀರಿ ಎಂಬುದರ ಮೇಲೆ ಇಡೀ ಸಂಜೆ ನಿಂತಿದೆ. ಅದಕ್ಕೇ ಈ ಬರಹದ ಅರ್ಧ ಭಾಗ ನೀವು ಮನೆಯಲ್ಲಿ ಕೂತು ಮಾಡಬೇಕಾದ ಕೆಲಸದ ಬಗ್ಗೆ ಇದೆ.

ಮೊದಲಿಗೆ, ಈ ಟೂರ್ ಅಂದರೆ ಏನು? ಒಬ್ಬ ಗೈಡ್, ಜೊತೆಗೆ ಸಾಮಾನ್ಯವಾಗಿ ಹತ್ತು ಜನರೊಳಗಿನ ಗುಂಪು. ಹನೋಯ್‌ನ ಹಳೇ ಪೇಟೆಯಲ್ಲಿ ಮೂರರಿಂದ ನಾಲ್ಕು ಗಂಟೆ ನಡಿಗೆ. ಐದರಿಂದ ಎಂಟು ಕಡೆ ನಿಂತು ಸ್ವಲ್ಪ ಸ್ವಲ್ಪ ತಿನ್ನುವುದು. ಒಬ್ಬರಿಗೆ 20ರಿಂದ 40 ಡಾಲರ್ ಒಳಗೆ ಆಗುತ್ತದೆ. ತಿಂಡಿಯ ದುಡ್ಡು ಸಾಮಾನ್ಯವಾಗಿ ಅದರಲ್ಲೇ ಸೇರಿರುತ್ತದೆ.

ಹಂತ 1: ನಿಮ್ಮ ಗೆರೆ ಎಲ್ಲಿದೆ ಎಂದು ಮನೆಯಲ್ಲೇ ತೀರ್ಮಾನಿಸಿ

ಇದು ಎಲ್ಲಕ್ಕಿಂತ ಮುಖ್ಯ. ದಯವಿಟ್ಟು ಹಾರಿಸಬೇಡಿ.

"ವೆಜಿಟೇರಿಯನ್" ಅನ್ನುವ ಒಂದು ಪದದಿಂದ ಅಲ್ಲಿ ಕೆಲಸ ಆಗುವುದಿಲ್ಲ. ನನ್ನ ಮೊದಲ ಟೂರ್‌ನಲ್ಲಿ ಫಾರ್ಮ್‌ನಲ್ಲಿ ಆ ಪದಕ್ಕೆ ಟಿಕ್ ಹಾಕಿ ಸುಮ್ಮನಿದ್ದೆ. ಬಂದ ಬಟ್ಟಲಲ್ಲಿ ಸೊಪ್ಪು, ತೋಫು, ಅಕ್ಕಿ ಶಾವಿಗೆ ಎಲ್ಲ ಇತ್ತು, ಮಾಂಸದ ತುಂಡು ಒಂದೂ ಇರಲಿಲ್ಲ. ಸಾರು ಮಾತ್ರ ದನದ ಮೂಳೆ ಬೇಯಿಸಿದ್ದು. ಗೈಡ್ ಮೋಸ ಮಾಡಿರಲಿಲ್ಲ. ಆಕೆಯ ಲೆಕ್ಕದಲ್ಲಿ ಮಾಂಸ ತೆಗೆದರೆ ಅದು ವೆಜ್.

ಕಣ್ಣಿಗೆ ಕಾಣದೆ ಸೇರುವ ನಾಲ್ಕು ವಸ್ತುಗಳನ್ನು ನೆನಪಿಡಿ. ಒಂದು, ನುಅಕ್ ಮಮ್. ಸಣ್ಣ ಮೀನಿಗೆ ಉಪ್ಪು ಹಾಕಿ ತಿಂಗಳುಗಟ್ಟಲೆ ಹುದುಗಿಸಿ ಇಳಿಸಿದ ರಸ. ನಾವು ಅಡುಗೆಗೆ ಉಪ್ಪು ಹಾಕಿದಷ್ಟು ಸಲೀಸಾಗಿ ಅವರು ಇದನ್ನು ಹಾಕುತ್ತಾರೆ. ಎರಡು, ಮೂಳೆ ಸಾರು. ಮೂರು, ಹತ್ ನೆಮ್. ಇದು ಹರಳು ಹರಳಾದ ರುಚಿಪುಡಿ. ಸಾಮಾನ್ಯವಾಗಿ ಹಂದಿ ಅಥವಾ ಕೋಳಿಯ ಸತ್ವ ಇರುತ್ತದೆ. ಬರೀ ಸೊಪ್ಪಿನ ಪಲ್ಯ ಅಂತ ಆರ್ಡರ್ ಮಾಡಿದರೂ ಇದು ಬೀಳಬಹುದು. ನಾಲ್ಕು, ಈರುಳ್ಳಿ ಹುರಿಯುವ ಕೊಬ್ಬು. ಎಷ್ಟೋ ಕಡೆ ಅದು ಹಂದಿ ಕೊಬ್ಬು.

ಈಗ ಮನೆಯವರೆಲ್ಲ ಕೂತು ಮಾತಾಡಿ. ಮೊಟ್ಟೆ ನಡೆಯುತ್ತದಾ? ಮಾಂಸ ಹುರಿದ ಬಾಣಲೆಯಲ್ಲೇ ಮಾಡಿದ ತೋಫು ನಡೆಯುತ್ತದಾ? ಮೀನಿನ ರಸವನ್ನು ಪಕ್ಕಕ್ಕಿಟ್ಟರೆ ಉಳಿದದ್ದನ್ನು ತಿನ್ನುತ್ತೀರಾ? ಈರುಳ್ಳಿ, ಬೆಳ್ಳುಳ್ಳಿ? ಇದರಲ್ಲಿ ಸರಿ ತಪ್ಪು ಇಲ್ಲ, ಒಬ್ಬೊಬ್ಬರ ಗೆರೆ ಒಂದೊಂದು ಕಡೆ. ಆದರೆ ಆ ಗೆರೆ ಎಲ್ಲಿದೆ ಅಂತ ಅಂಗಡಿ ಮುಂದೆ, ಹಬೆಯಾಡುವ ಬಟ್ಟಲು ಕೈಯಲ್ಲಿ ಹಿಡಿದು ಯೋಚಿಸುವ ಪರಿಸ್ಥಿತಿ ತಂದುಕೊಳ್ಳಬೇಡಿ.

"ಒಂದೇ ಬಾಣಲೆಯೂ ಆಗಲ್ಲ" ಅನ್ನುವವರಾದರೆ ನೀವು ಹುಡುಕಬೇಕಾದ ಪದ "ಚಯ್". ಬೌದ್ಧ ಪದ್ಧತಿಯ ಸಸ್ಯಾಹಾರಕ್ಕೆ ಅವರ ಹೆಸರು ಅದು. "ತೋಯ್ ಅನ್ ಚಯ್" ಅಂದರೆ "ನಾನು ಚಯ್ ತಿನ್ನುವವ". ಚಯ್ ಅಡುಗೆಯಲ್ಲಿ ಮಾಂಸ, ಮೀನು, ಮೀನಿನ ರಸ ಯಾವುದೂ ಇಲ್ಲ. ಕಟ್ಟುನಿಟ್ಟಾಗಿ ಮಾಡುವ ಕಡೆ ಈರುಳ್ಳಿ ಬೆಳ್ಳುಳ್ಳಿಯೂ ಇಲ್ಲ. ಅಂಗಡಿ ಬೋರ್ಡ್ ಮೇಲೆ ಸಿ, ಎಚ್, ಎ, ವೈ ಎಂಬ ನಾಲ್ಕು ಇಂಗ್ಲಿಷ್ ಅಕ್ಷರ ಒಟ್ಟಿಗೆ ಕಂಡರೆ ಅದೇ. ಒಂದು ಮಾತು: ಚಯ್ ಹೋಟೆಲಿನಲ್ಲಿ ಸೋಯಾ, ಗೋಧಿ ಸತ್ವದಿಂದ ಮಾಡಿದ, ನೋಡಲು ಥೇಟ್ ಮಾಂಸದಂತೆ ಇರುವ ತುಂಡುಗಳು ಬರುತ್ತವೆ. ಗಾಬರಿಯಾಗಬೇಡಿ. ಬೇಡವಾದರೆ ಬರೀ ತೋಫು, ಅಣಬೆ ಕೇಳಿ.

ಮಾಂಸ ತಿನ್ನುವವರಿಗೂ ಗೆರೆ ಇರುತ್ತದಲ್ವಾ? ದನ ಬೇಡ, ಹಂದಿ ಬೇಡ ಅನ್ನುವವರು ಅದನ್ನು ಬಿಡಿಸಿ ಹೇಳಿ. ಹನೋಯ್‌ನ ಹೆಸರಾಂತ ತಿಂಡಿಗಳಲ್ಲಿ ಹೆಚ್ಚಿನವು ಈ ಎರಡರ ಮೇಲೇ ನಿಂತಿವೆ. ಹಲಾಲ್ ಬೇಕಾದವರಿಗೆ ಸಾಮಾನ್ಯ ಟೂರ್ ಆಗುವುದಿಲ್ಲ, ಪ್ರತ್ಯೇಕವಾಗಿ ಕೇಳಬೇಕು. ಹಳೇ ಪೇಟೆಯ ಹಾಂಗ್ ಲುಅಕ್ ಬೀದಿಯಲ್ಲಿ 19ನೇ ಶತಮಾನದ ಕೊನೆಯಲ್ಲಿ ಭಾರತೀಯ ವ್ಯಾಪಾರಿಗಳು ಕಟ್ಟಿಸಿದ ಅಲ್ ನೂರ್ ಮಸೀದಿ ಇದೆ. ವಿಚಾರಿಸಲು ಅದು ಒಳ್ಳೆಯ ಜಾಗ.

ಹಂತ 2: ಟೂರ್ ಆರಿಸಿ

ಮೂರು ಬಗೆ ಇವೆ. ಎಲ್ಲರೂ ಸೇರುವ ಗುಂಪು ಟೂರ್, ನಿಮ್ಮ ಕುಟುಂಬಕ್ಕೆ ಮಾತ್ರ ಖಾಸಗಿ ಟೂರ್, ಮತ್ತು ಇಂಗ್ಲಿಷ್ ಅಭ್ಯಾಸಕ್ಕೆಂದು ಕಾಲೇಜು ವಿದ್ಯಾರ್ಥಿಗಳು ನಡೆಸುವ ಉಚಿತ ಟೂರ್. ಮೂರನೆಯದರಲ್ಲಿ ತಿಂಡಿ ಖರ್ಚು ನಿಮ್ಮದು. ಆ ಹುಡುಗ ಹುಡುಗಿಯರ ಉತ್ಸಾಹ ನೋಡಲು ಬಹಳ ಚೆನ್ನ. ಆದರೆ ಅಡುಗೆಮನೆ ಒಳಹೊಕ್ಕು ವಿಚಾರಿಸುವ ಅನುಭವ ಎಲ್ಲರಿಗೂ ಇರುವುದಿಲ್ಲ.

ಕಟ್ಟಾ ವೆಜ್ ಕುಟುಂಬಕ್ಕೆ ನನ್ನ ಸಲಹೆ ಖಾಸಗಿ ಟೂರ್, ಇಲ್ಲವೇ ವೆಜ್‌ಗೆಂದೇ ನಡೆಸುವ ಟೂರ್. ದುಡ್ಡು ಜಾಸ್ತಿ, ನಿಜ. ಆದರೆ ಗುಂಪಿನಲ್ಲಿ ಹೋದಾಗ ಉಳಿದ ಎಂಟು ಜನ ಹಂದಿ ಮಾಂಸ ತಿನ್ನುವಷ್ಟು ಹೊತ್ತು ನೀವು ಒಂದು ಬಾಳೆಹಣ್ಣಿನ ಬಜ್ಜಿ ಹಿಡಿದು ನಿಲ್ಲಬೇಕಾಗುತ್ತದೆ. ಅದು ಯಾರಿಗೂ ಖುಷಿ ಕೊಡುವುದಿಲ್ಲ.

ರಿವ್ಯೂ ಓದುವಾಗ ಸ್ಟಾರ್ ಎಣಿಸಬೇಡಿ. ರಿವ್ಯೂಗಳ ಒಳಗೆ "ವೆಜಿಟೇರಿಯನ್" ಎಂದು ಹುಡುಕಿ, ಆ ಜನ ಏನು ತಿಂದರು ಎಂದು ಬರೆದಿದ್ದಾರಾ ನೋಡಿ. "ನಮಗೂ ಹೊಂದಿಸಿಕೊಟ್ಟರು" ಅಂತಷ್ಟೇ ಇದ್ದರೆ ಸಾಲದು. ತಿಂಡಿಯ ಹೆಸರು ಬೇಕು.

ಎಚ್ಚರಿಕೆ: ರೈಲು ಮನೆಗಳ ನಡುವೆ ಹಾದುಹೋಗುವ "ಟ್ರೈನ್ ಸ್ಟ್ರೀಟ್" ತೋರಿಸುತ್ತೇವೆ ಎಂಬ ಮಾತಿಗೆ ಮರುಳಾಗಿ ಟೂರ್ ಆರಿಸಬೇಡಿ. ಅಪಾಯದ ಕಾರಣಕ್ಕೆ 2019ರಿಂದ ಈಚೆಗೆ ಅಧಿಕಾರಿಗಳು ಅಲ್ಲಿ ಮತ್ತೆ ಮತ್ತೆ ತಡೆ ಹಾಕಿದ್ದಾರೆ. ಹಳಿ ಪಕ್ಕ ಕೂತು ಕಾಫಿ ಕುಡಿಯುವ ಫೋಟೋಗಾಗಿ ಮಕ್ಕಳನ್ನು ಕರೆದೊಯ್ಯುವುದು ಸರಿಯಲ್ಲ.

ಹಂತ 3: ದಿನ ಮತ್ತು ಹೊತ್ತು

ಹನೋಯ್‌ಗೆ ಹೋದ ಮೊದಲ ಅಥವಾ ಎರಡನೇ ದಿನವೇ ಟೂರ್ ಇಟ್ಟುಕೊಳ್ಳಿ. ಕೊನೆಯ ದಿನಕ್ಕೆ ಇಟ್ಟರೆ ಕಲಿತದ್ದನ್ನು ಬಳಸಲು ದಿನವೇ ಉಳಿಯುವುದಿಲ್ಲ.

ಬೆಳಗಿನ ಟೂರ್‌ನಲ್ಲಿ ಫೋ ಎಂಬ ಸಾರು ಶಾವಿಗೆ, ಅಂಟಕ್ಕಿ ಅನ್ನ, ಮಾರುಕಟ್ಟೆ ಸಿಗುತ್ತವೆ. ಸಂಜೆಯದರಲ್ಲಿ ಜನ, ದೀಪ, ಗದ್ದಲ. ಎಳೆ ಮಕ್ಕಳು, ವಯಸ್ಸಾದವರು ಇದ್ದರೆ ಬೆಳಿಗ್ಗೆ ವಾಸಿ. ಶುಕ್ರವಾರ ಸಂಜೆಯಿಂದ ಭಾನುವಾರ ರಾತ್ರಿವರೆಗೆ ಹೋನ್ ಕಿಯೆಮ್ ಕೆರೆ ಸುತ್ತಲಿನ ರಸ್ತೆಗಳಿಗೆ ವಾಹನ ಬಿಡುವುದಿಲ್ಲ. ನಡೆಯಲು ಆರಾಮ, ಆದರೆ ಜನಜಂಗುಳಿ.

ಅಕ್ಟೋಬರ್, ನವೆಂಬರ್ ಹವೆ ಚೆನ್ನಾಗಿರುತ್ತದೆ. ಜೂನ್, ಜುಲೈನಲ್ಲಿ ಸೆಕೆ, ಮಳೆ ಎರಡೂ ಜೋರು. ಜನವರಿ ಕೊನೆ, ಫೆಬ್ರವರಿಯಲ್ಲಿ ಹೋಗುವವರು ತೇತ್ ಯಾವಾಗ ಎಂದು ನೋಡಿಕೊಳ್ಳಿ. ತೇತ್ ಅವರ ಹೊಸ ವರ್ಷ. ಆ ದಿನಗಳಲ್ಲಿ ಎಷ್ಟೋ ಅಂಗಡಿಯವರು ಬಾಗಿಲು ಹಾಕಿ ಊರಿಗೆ ಹೋಗಿರುತ್ತಾರೆ.

ವೆಜ್‌ನವರಿಗೆ ಒಂದು ಗುಟ್ಟು. ಚಾಂದ್ರಮಾನ ತಿಂಗಳ 1 ಮತ್ತು 15ನೇ ದಿನ ಬಹಳ ವಿಯೆಟ್ನಾಮೀಯರು ಚಯ್ ತಿನ್ನುತ್ತಾರೆ. ಅಂದರೆ ನಮ್ಮ ಅಮಾವಾಸ್ಯೆ, ಪಾಡ್ಯದ ಆಸುಪಾಸು ಮತ್ತು ಹುಣ್ಣಿಮೆ. ಆ ದಿನಗಳಲ್ಲಿ ಚಯ್ ತಿಂಡಿ ಹೆಚ್ಚು ಕಡೆ ಸಿಗುತ್ತದೆ. ಮನೆಯಲ್ಲಿ ನೇತಾಡುವ ಕ್ಯಾಲೆಂಡರ್ ನೋಡಿ ಟೂರ್ ದಿನ ಗೊತ್ತು ಮಾಡಬಹುದು, ಎಷ್ಟು ಅನುಕೂಲ ನೋಡಿ.

ಹಂತ 4: ಬುಕ್ ಮಾಡುವಾಗ ಬರೆಯುವ ಸಂದೇಶ

ಫಾರ್ಮ್‌ನ ಟಿಕ್ ನಂಬಬೇಡಿ. ವಾಟ್ಸಾಪ್‌ನಲ್ಲೋ ಇಮೇಲ್‌ನಲ್ಲೋ ಬರೆಯಿರಿ. ಸಂದೇಶದಲ್ಲಿ ಇಷ್ಟಿರಲಿ: ಎಷ್ಟು ಜನ, ಅದರಲ್ಲಿ ಯಾರು ಏನು ತಿನ್ನುವುದಿಲ್ಲ. "ಮಾಂಸ, ಮೀನು, ಸೀಗಡಿ, ಮೂಳೆ ಸಾರು, ಮೀನಿನ ರಸ, ಹಂದಿ ಕೊಬ್ಬು, ಮಾಂಸದ ರುಚಿಪುಡಿ ಬೇಡ" ಎಂದು ಒಂದೊಂದಾಗಿ ಬರೆಯಿರಿ. ಮೊಟ್ಟೆ, ಹಾಲು ನಡೆಯುತ್ತದಾ ಅದನ್ನೂ ಹೇಳಿ. ಆಮೇಲೆ ಈ ಪ್ರಶ್ನೆ ಕೇಳಿ: "ನಮಗೆ ಯಾವ ಯಾವ ತಿಂಡಿ ಕೊಡುತ್ತೀರಿ, ಹೆಸರು ಹೇಳುತ್ತೀರಾ?" ನಾಲ್ಕೈದು ಹೆಸರು ಬಂದರೆ ಬುಕ್ ಮಾಡಿ. "ಚಿಂತೆ ಬೇಡ, ನೋಡಿಕೊಳ್ಳುತ್ತೇವೆ" ಅಂತ ಮಾತ್ರ ಬಂದರೆ ಬೇರೆಯವರನ್ನು ನೋಡಿ.

ಕಡಲೆಕಾಯಿ ಅಲರ್ಜಿ ಇದ್ದರೆ ಅದನ್ನು ಮೊದಲ ಸಾಲಿನಲ್ಲೇ ಬರೆಯಿರಿ. ಪುಡಿ ಮಾಡಿದ ಕಡಲೆಕಾಯಿ ಅಲ್ಲಿ ಎಷ್ಟೋ ತಿಂಡಿಗಳ ಮೇಲೆ ಉದುರಿಸುತ್ತಾರೆ.

ಮಂಡಿ ನೋವು ಇರುವವರಿದ್ದರೆ ಅದನ್ನೂ ತಿಳಿಸಿ. ಬೀದಿ ಅಂಗಡಿಯ ಪ್ಲಾಸ್ಟಿಕ್ ಸ್ಟೂಲ್‌ಗಳು ನಮ್ಮ ಮಣೆಗಿಂತ ಸ್ವಲ್ಪ ಎತ್ತರ ಅಷ್ಟೇ. ಮೊದಲೇ ಹೇಳಿದರೆ ಕುರ್ಚಿ ಇರುವ ಕಡೆ ಕರೆದೊಯ್ಯುತ್ತಾರೆ.

ಹಂತ 5: ಹೊರಡುವ ಮುನ್ನ

ಹೊಟ್ಟೆ ಖಾಲಿ ಇರಲಿ. ಸಂಜೆ ಟೂರ್ ಇದ್ದರೆ ಮಧ್ಯಾಹ್ನದ ಊಟ ಅರ್ಧ ಮಾಡಿ. ಗ್ರಿಪ್ ಇರುವ ಚಪ್ಪಲಿ ಅಥವಾ ಶೂ, ಒಂದು ಮಡಿಸುವ ಕೊಡೆ, ಟಿಶ್ಯೂ, ನೀರು. ಮಾಮೂಲಿ ಮಾತ್ರೆಗಳು.

ದುಡ್ಡಿನ ವಿಷಯದಲ್ಲಿ ಸ್ವಲ್ಪ ಹುಷಾರು. ಅಲ್ಲಿಯ ನಾಣ್ಯ ದಂಗ್. ನಮ್ಮ ಒಂದು ರೂಪಾಯಿಗೆ ಹೆಚ್ಚೂಕಮ್ಮಿ 300 ದಂಗ್ ಎಂದು ಲೆಕ್ಕ ಹಾಕಬಹುದು. ಹೊರಡುವ ಮುನ್ನ ಅಂದಿನ ದರ ನೋಡಿಕೊಳ್ಳಿ. 20,000ದ ನೋಟು, 5,00,000ದ ನೋಟು ಎರಡೂ ನೀಲಿ. ಮಬ್ಬು ಬೆಳಕಿನಲ್ಲಿ, ಅವಸರದಲ್ಲಿ ಒಂದರ ಬದಲು ಇನ್ನೊಂದು ಕೊಟ್ಟರೆ 70 ರೂಪಾಯಿಯ ಜಾಗದಲ್ಲಿ 1,700 ರೂಪಾಯಿ ಹೋಗುತ್ತದೆ. ದೊಡ್ಡ ನೋಟನ್ನು ಬೇರೆ ಜೇಬಿನಲ್ಲಿಡಿ.

ಗೈಡ್‌ಗಾಗಿ ಕೆರೆ ಬಳಿ ಕಾಯುವಾಗ ಕೆಲವರು ಬರುತ್ತಾರೆ. ಹಣ್ಣಿನ ಬುಟ್ಟಿಯ ಅಡ್ಡೆಯನ್ನು ನಿಮ್ಮ ಹೆಗಲ ಮೇಲಿಟ್ಟು ಫೋಟೋ ತೆಗೆಯಿರಿ ಅನ್ನುತ್ತಾರೆ, ಆಮೇಲೆ ಹಣ್ಣಿಗೆ ಮೂರು ಪಟ್ಟು ಕೇಳುತ್ತಾರೆ. ಕೇಳದೇ ಶೂ ಹೊಲಿಯಲು ಶುರು ಮಾಡುವವರೂ ಇದ್ದಾರೆ. ನಗುತ್ತಲೇ "ಖೋಂಗ್" ಅನ್ನಿ, ನಡೆದುಬಿಡಿ. ಖೋಂಗ್ ಅಂದರೆ ಬೇಡ, ಇಲ್ಲ.

ಹಂತ 6: ನಡೆಯುವುದು, ರಸ್ತೆ ದಾಟುವುದು

ಹಳೇ ಪೇಟೆಯನ್ನು 36 ಬೀದಿಗಳ ಪೇಟೆ ಅನ್ನುತ್ತಾರೆ. ಎಷ್ಟೋ ಬೀದಿಗಳ ಹೆಸರು "ಹಾಂಗ್" ಎಂದು ಶುರುವಾಗುತ್ತದೆ. ಹಾಂಗ್ ಅಂದರೆ ಸರಕು. ಹಾಂಗ್ ಬಾಕ್ ಬೆಳ್ಳಿಯ ಬೀದಿ, ಹಾಂಗ್ ದುಅಂಗ್ ಸಕ್ಕರೆಯ ಬೀದಿ. ನಮ್ಮ ಅಕ್ಕಿಪೇಟೆ, ಬಳೇಪೇಟೆಗಳ ಹಾಗೆ. ತೊಂದರೆ ಏನೆಂದರೆ, ಒಂದೇ ನೇರ ರಸ್ತೆಗೆ ಸ್ವಲ್ಪ ಸ್ವಲ್ಪ ದೂರಕ್ಕೆ ಹೆಸರು ಬದಲಾಗುತ್ತದೆ. ಹಾಂಗ್ ದಾವ್ ಮುಂದೆ ಹಾಂಗ್ ಙಾಂಗ್ ಆಗುತ್ತದೆ, ಅದೇ ಮುಂದೆ ಹಾಂಗ್ ದುಅಂಗ್. ಗುಂಪು ತಪ್ಪಿದರೆ ಬೀದಿ ಹೆಸರು ಹೇಳಿ ಹುಡುಕುವ ಬದಲು ನಿಂತಲ್ಲೇ ನಿಂತು, ಫೋನಿನಲ್ಲಿ ಲೊಕೇಶನ್ ಕಳಿಸಿ.

ರಸ್ತೆ ದಾಟುವಾಗ ಬೈಕುಗಳು ನಿಲ್ಲುತ್ತವೆ ಎಂದು ಕಾಯಬೇಡಿ, ನಿಲ್ಲುವುದಿಲ್ಲ. ಖಾಲಿ ಆಗುತ್ತದೆ ಎಂದೂ ಕಾಯಬೇಡಿ. ಕಾರು, ಬಸ್ ಹೋಗಲು ಬಿಡಿ. ಬರೀ ಬೈಕುಗಳಿದ್ದಾಗ ನಿಧಾನವಾಗಿ, ಒಂದೇ ವೇಗದಲ್ಲಿ ಹೆಜ್ಜೆ ಹಾಕಿ. ಅವರು ನಿಮ್ಮ ನಡಿಗೆ ನೋಡಿ ಪಕ್ಕಕ್ಕೆ ಸರಿದು ಹೋಗುತ್ತಾರೆ. ಓಡಬಾರದು. ಹೆದರಿ ಹಿಂದಕ್ಕೆ ಹೆಜ್ಜೆ ಇಡುವುದಂತೂ ಬೇಡವೇ ಬೇಡ, ಅಪಘಾತ ಆಗುವುದು ಆಗಲೇ. ಮೊದಲೆರಡು ಸಲ ಗೈಡ್‌ನ ಪಕ್ಕದಲ್ಲೇ ನಡೆಯಿರಿ.

ಹಂತ 7: ತಿನ್ನುವಾಗ

ಪ್ರತಿ ಅಂಗಡಿಯಲ್ಲೂ ಬಟ್ಟಲು ಕೈಗೆ ಬಂದ ಮೇಲೆ ಗೈಡ್‌ಗೆ ಇನ್ನೊಮ್ಮೆ ಕೇಳಿ: "ಸಾರು ಯಾವುದರದು? ಅದ್ದಿಕೊಳ್ಳುವ ರಸ ಯಾವುದರದು?" ಇದು ಅನುಮಾನ ಪಟ್ಟಂತೆ ಅಲ್ಲ. ಒಳ್ಳೆಯ ಗೈಡ್‌ಗಳು ಇದನ್ನು ಇಷ್ಟಪಡುತ್ತಾರೆ.

ನೀವು ಕಾಣುವ ತಿಂಡಿಗಳನ್ನು ಗುರುತಿಸಿಕೊಳ್ಳಿ. ಫೋ ಅಂದರೆ ಚಕ್ಕೆ, ಚಕ್ರಮೊಗ್ಗಿನ ಘಮ ಇರುವ ಸಾರಿನಲ್ಲಿ ಅಗಲ ಅಕ್ಕಿ ಶಾವಿಗೆ. ಮಾಮೂಲಿಯಾಗಿ ದನ ಅಥವಾ ಕೋಳಿ. ಫೋ ಚಯ್ ಆದರೆ ತರಕಾರಿ, ಅಣಬೆ ಸಾರು. ಬುನ್ ಚಾ ಅಂದರೆ ಕೆಂಡದಲ್ಲಿ ಸುಟ್ಟ ಹಂದಿ ಮಾಂಸ, ಶಾವಿಗೆ, ಸೊಪ್ಪು. 2016ರಲ್ಲಿ ಬರಾಕ್ ಒಬಾಮ ಹನೋಯ್‌ನಲ್ಲಿ ತಿಂದದ್ದು ಇದನ್ನೇ. ಇದು ಮಧ್ಯಾಹ್ನದ ಊಟ. ವೆಜ್‌ನವರು ಈ ನಿಲುಗಡೆಯಲ್ಲಿ ಬದಲಿ ಕೇಳಲೇಬೇಕು. ಬಾನ್ ಮಿ ಫ್ರೆಂಚರ ಕಾಲದಿಂದ ಬಂದ ಗರಿಗರಿ ಬ್ರೆಡ್ಡು. ಒಳಗೆ ಪಾಟೆ, ಅಂದರೆ ಲಿವರ್ ಪೇಸ್ಟ್ ಸವರಿರುತ್ತಾರೆ. ತೋಫು ಅಥವಾ ಮೊಟ್ಟೆ ಹಾಕಿಸಿಕೊಂಡರೂ "ಪಾಟೆ ಬೇಡ" ಅನ್ನಲು ಮರೆಯಬೇಡಿ.

ಇವುಗಳಲ್ಲಿ ಒಂದನ್ನು ತಿನ್ನದಿದ್ದರೂ ನಿಂತು ನೋಡಿ, ಬಾನ್ ಕುವೊನ್. ಕುದಿಯುವ ನೀರಿನ ಪಾತ್ರೆಯ ಬಾಯಿಗೆ ಬಿಗಿಯಾಗಿ ಬಟ್ಟೆ ಕಟ್ಟಿರುತ್ತಾರೆ. ನೀರ್‌ದೋಸೆಗಿಂತ ತೆಳ್ಳಗಿನ ಅಕ್ಕಿ ಹಿಟ್ಟನ್ನು ಸೌಟಿನ ಬೆನ್ನಿನಿಂದ ಆ ಬಟ್ಟೆ ಮೇಲೆ ಎರಡು ಸುತ್ತು ಹರಡಿ, ಮುಚ್ಚಳ ಮುಚ್ಚುತ್ತಾರೆ. ಕೆಲವೇ ಕ್ಷಣ. ಮುಚ್ಚಳ ತೆಗೆದಾಗ ಹಿಟ್ಟು ಬೆಳ್ಳಗಿನಿಂದ ಗಾಜಿನ ಹಾಗಾಗಿರುತ್ತದೆ. ಒಂದು ಚಪ್ಪಟೆ ಬಿದಿರು ಕಡ್ಡಿಯನ್ನು ಅಡಿಗೆ ತೂರಿಸಿ, ಹರಿಯದ ಹಾಗೆ ಎತ್ತಿ, ಎಣ್ಣೆ ಸವರಿದ ತಟ್ಟೆಗೆ ಇಳಿಸುತ್ತಾರೆ. ಒಳಗೆ ಇಡುವುದು ಹಂದಿ ಮಾಂಸದ ಚೂರು, ಮರದ ಅಣಬೆ. ಏನೂ ತುಂಬದೆ ಬರೀ ಹಾಳೆ ಮಾಡಿಕೊಡಿ ಎಂದರೆ ಕೊಡುತ್ತಾರೆ. ಮೇಲೆ ಉದುರಿಸುವ ಹುರಿದ ಈರುಳ್ಳಿಯ ಕೊಬ್ಬು ಯಾವುದು ಎಂದು ಕೇಳಿ. ಪಕ್ಕದ ಬಟ್ಟಲಿನ ತಿಳಿರಸ ಮೀನಿನದು, ಅದರ ಬದಲು ಸೋಯಾ ಸಾಸ್ ಕೇಳಿ.

ಸೋಯ್ ಎಂಬುದು ಅಂಟಕ್ಕಿ ಅನ್ನ. ಸೋಯ್ ಸಿಯೊ ಎಂಬ ಬಗೆಯಲ್ಲಿ ಅರಿಶಿನದ ಅನ್ನದ ಮೇಲೆ, ಬೇಯಿಸಿ ಗಟ್ಟಿಯಾಗಿ ಉಂಡೆ ಕಟ್ಟಿದ ಹೆಸರುಬೇಳೆಯನ್ನು ಚಾಕುವಿನಿಂದ ತೆಳ್ಳಗೆ ಹೆರೆದು ಉದುರಿಸುತ್ತಾರೆ. ಕೊಬ್ಬು ಬೇಡ ಎಂದು ಹೇಳಿ ಕೊಂಡರೆ ನಮ್ಮ ನಾಲಿಗೆಗೆ ಇದಕ್ಕಿಂತ ಹತ್ತಿರದ ತಿಂಡಿ ಅಲ್ಲಿಲ್ಲ.

ಸಿಹಿಯಲ್ಲಿ ವೆಜ್‌ನವರು ನಿಶ್ಚಿಂತೆಯಿಂದಿರಬಹುದು. ಚೆ ಎಂಬುದು ಬೇಳೆ, ಕಾಳು, ತೆಂಗಿನ ಹಾಲಿನ ಸಿಹಿ. ಹೆಸರುಬೇಳೆಯದನ್ನು ಬಾಯಿಗಿಟ್ಟರೆ ಪಾಯಸದ ನೆನಪಾಗುತ್ತದೆ. ಆದರೆ ಜೆಲ್ಲಿ ತುಂಡು ಹಾಕಿದ್ದರೆ ಅದು ಯಾವುದರದು ಎಂದು ಕೇಳಿ. ತಾವ್ ಫಾ ಅಂದರೆ ಸಕ್ಕರೆ ಪಾಕದಲ್ಲಿ ಬೆಣ್ಣೆಯಂಥ ತೋಫು. ಕಬ್ಬಿನ ಹಾಲು ಎಲ್ಲೆಡೆ ಇದೆ. ಚಾಂಗ್ ತಿಯೆನ್ ಬೀದಿಯಲ್ಲಿ 1958ರಿಂದ ನಡೆಯುತ್ತಿರುವ ಐಸ್‌ಕ್ರೀಮ್ ಅಂಗಡಿ ಇದೆ. ಅಲ್ಲಿ ಎಳೆ ಅಕ್ಕಿಯ, ಅಂದರೆ ಕೋಮ್‌ನ ರುಚಿ ಕೇಳಿ.

ಕೊನೆಯ ನಿಲುಗಡೆ ಸಾಮಾನ್ಯವಾಗಿ ಮೊಟ್ಟೆ ಕಾಫಿ. 1946ರಲ್ಲಿ ಹಾಲಿನ ಕೊರತೆ ಇದ್ದಾಗ ಮೆಟ್ರೊಪೋಲ್ ಹೋಟೆಲಿನಲ್ಲಿ ಕೆಲಸ ಮಾಡುತ್ತಿದ್ದ ನುಯೆನ್ ವಾನ್ ಜಾಂಗ್ ಎಂಬವರು ಹಾಲಿನ ನೊರೆಯ ಬದಲು ಮೊಟ್ಟೆಯ ಹಳದಿಯನ್ನು ಕಡೆದು ಹಾಕಿದರು. ಅವರ ಮನೆಯವರ ಕೆಫೆ ಈಗಲೂ ಹಳೇ ಪೇಟೆಯಲ್ಲಿದೆ. ಹಳದಿ ಪೂರ್ತಿ ಬೆಂದಿರುವುದಿಲ್ಲ, ಹಾಗಾಗಿ ಬಸುರಿಯರಿಗೆ, ಪುಟ್ಟ ಮಕ್ಕಳಿಗೆ ಬೇಡ. ಮೊಟ್ಟೆ ತಿನ್ನದವರು ತೆಂಗಿನ ಹಾಲಿನ ಕಾಫಿ ಕೇಳಿ.

ಹೊಟ್ಟೆ ಕೆಡದಿರಲು ಮೂರು ಮಾತು. ಕಣ್ಣೆದುರೇ ಬಿಸಿಯಾಗಿ ಮಾಡಿದ್ದನ್ನು ತಿನ್ನಿ. ನಡುವೆ ತೂತಿರುವ ಕೊಳವೆಯಾಕಾರದ ಐಸ್ ಫ್ಯಾಕ್ಟರಿಯಿಂದ ಬಂದದ್ದು, ಒಡೆದ ಗಡ್ಡೆ ಐಸ್ ಬೇಡ. ಜೊತೆಗೆ ಕೊಡುವ ಹಸಿ ಸೊಪ್ಪು ಊಟದ ಜೀವ, ಆದರೆ ಸೂಕ್ಷ್ಮ ಹೊಟ್ಟೆಯವರು ಅದನ್ನು ಬಿಸಿ ಸಾರಿನಲ್ಲಿ ಅದ್ದಿ ತಿನ್ನಿ.

ನಾಯಿ ಮಾಂಸದ ಬಗ್ಗೆಯೂ ಬಹಳ ಜನ ಅಳುಕುತ್ತಾ ಕೇಳುತ್ತಾರೆ. ಅದನ್ನು ಮಾರುವ ಅಂಗಡಿಗಳು ಬೇರೆಯೇ ಇವೆ, ಬೋರ್ಡ್ ಹಾಕಿಕೊಂಡೇ ಮಾರುತ್ತವೆ. ಟೂರ್‌ನ ಬಟ್ಟಲಿಗೆ ಅದು ಬರುವುದಿಲ್ಲ.

ಹಂತ 8: ಮುಗಿದ ಮೇಲೆ

ಟಿಪ್ಸ್ ಕಡ್ಡಾಯ ಅಲ್ಲ. ಚೆನ್ನಾಗಿ ನೋಡಿಕೊಂಡರೆ ಒಬ್ಬೊಬ್ಬರು 50,000ದಿಂದ 1,00,000 ದಂಗ್ ಕೊಟ್ಟರೆ ಮರ್ಯಾದೆಯಾಗಿರುತ್ತದೆ. ವಿದ್ಯಾರ್ಥಿಗಳ ಉಚಿತ ಟೂರ್ ಆದರೆ ಅವರ ತಿಂಡಿ ಖರ್ಚು ನೀವೇ ಕೊಡಿ.

ಬೀಳ್ಕೊಡುವ ಮುನ್ನ ಗೈಡ್ ಕೈಯಲ್ಲಿ ಎರಡು ಕೆಲಸ ಮಾಡಿಸಿಕೊಳ್ಳಿ. ನೀವು ತಿನ್ನದ ವಸ್ತುಗಳ ಪಟ್ಟಿಯನ್ನು ವಿಯೆಟ್ನಾಮೀಸ್‌ನಲ್ಲಿ ಒಂದು ಚೀಟಿಯ ಮೇಲೆ ಬರೆಸಿ, ಫೋಟೋ ತೆಗೆದಿಟ್ಟುಕೊಳ್ಳಿ. ನಾವು ಬಾಯಲ್ಲಿ ಹೇಳಿದರೆ ಸ್ವರದ ಏರಿಳಿತ ತಪ್ಪಿ ಅರ್ಥವೇ ಬದಲಾಗುತ್ತದೆ, ಬರಹ ತಪ್ಪುವುದಿಲ್ಲ. ಇನ್ನೊಂದು, ನೀವು ಇಷ್ಟಪಟ್ಟ ಅಂಗಡಿಗಳನ್ನು ನಿಮ್ಮ ಮ್ಯಾಪ್‌ನಲ್ಲಿ ಗುರುತು ಹಾಕಿಸಿ, ಎಷ್ಟು ಹೊತ್ತಿಗೆ ತೆರೆಯುತ್ತವೆ ಎಂದು ಪಕ್ಕದಲ್ಲೇ ಬರೆದುಕೊಳ್ಳಿ. ಸೋಯ್ ಮಾರುವವರಲ್ಲಿ ಹೆಚ್ಚಿನವರು ಬೆಳಗಿನ ವ್ಯಾಪಾರದವರು. ಮಾರನೇ ದಿನ ಎಂಟು ಗಂಟೆಯೊಳಗೆ ಹೋಗಿ ಚೀಟಿ ತೋರಿಸಿ. ತಡವಾದರೆ ಬುಟ್ಟಿ ಖಾಲಿಯಾಗಿರುತ್ತದೆ.